ಕಿರ್ದಿಯಲ್ಲಿ ಇಲ್ಲದ ರೊಟ್ಟಿ

ಸಿನಿಮಾ ಮುಗಿದು ದೀಪ ಹತ್ತಿದವು. ಗೆಳೆಯ ಮೈಕು ಹಿಡಿದು ಪರದೆ ಮುಂದೆ ನಿಂತ. ಬೆಂಗಳೂರಿನ ಒಂದು ಸಣ್ಣ ಹಾಲು, ಜನ ಹೆಚ್ಚೆಂದರೆ ಅರವತ್ತು. ಮೊದಲು ಎದ್ದು ನಿಂತ ಹುಡುಗ ಕಥೆಯ ಬಗ್ಗೆ ಕೇಳಲಿಲ್ಲ. ಒಂಬತ್ತು ನಿಮಿಷ ಅಲ್ಲಾಡದೆ ನಿಂತ ಕ್ಯಾಮೆರಾ ಬಗ್ಗೆಯೂ ಕೇಳಲಿಲ್ಲ. "ಸರ್, ಬಜೆಟ್ ಎಷ್ಟಾಯ್ತು?" ಅಂದ. ಗೆಳೆಯ ಒಂದು ಕ್ಷಣ ನೆಲ ನೋಡಿ, "ನಾಲ್ಕು ಲಕ್ಷ" ಅಂದ. ಚಪ್ಪಾಳೆಯೋ ಚಪ್ಪಾಳೆ. ಸಿನಿಮಾ ಮುಗಿದಾಗಲೂ ಅಷ್ಟು ಬಿದ್ದಿರಲಿಲ್ಲ. ಹಿಂದಿನ ಸಾಲಿನಲ್ಲಿ ಕೂತಿದ್ದ ನನಗೆ ಮಾತ್ರ ಕೈ ಏಳಲಿಲ್ಲ. ಆ ನಾಲ್ಕು ಲಕ್ಷದ ಲೆಕ್ಕ ಬರೆದವನು ನಾನೇ.

ನಾನು ಸಿನಿಮಾದವನಲ್ಲ. ಕಲಬುರಗಿಯ ಕಪನೂರು ಕೈಗಾರಿಕಾ ಪ್ರದೇಶದ ಒಂದು ದಾಲ್ ಮಿಲ್ಲಿನಲ್ಲಿ ಲೆಕ್ಕ ಬರೆಯುತ್ತೇನೆ. ಕ್ವಿಂಟಲ್ ತೊಗರಿ ಒಳಗೆ ಹೋದರೆ ಎಪ್ಪತ್ತು ಕೆಜಿ ಆಸುಪಾಸು ಬೇಳೆ ಹೊರಗೆ ಬರುತ್ತದೆ. ಉಳಿದ ಮೂವತ್ತು ಎಲ್ಲಿ ಹೋಯಿತು ಅಂತ ಸಾಹುಕಾರರಿಗೆ ಹೇಳಬೇಕಾದವನು ನಾನು. ಹೊಟ್ಟಿಗೂ ಲೆಕ್ಕ ಇದೆ, ನುಚ್ಚಿಗೂ ಲೆಕ್ಕ ಇದೆ. ಅದೆಲ್ಲ ದನದ ಮೇವಿಗೆ ಮಾರಾಟ ಆಗುತ್ತದೆ. ಗೆಳೆಯ ತನ್ನ ಮೊದಲ ದೊಡ್ಡ ಸಿನಿಮಾಕ್ಕೆ ಕೈ ಹಾಕಿದಾಗ, "ದೋಸ್ತ, ರೊಕ್ಕದ ಲೆಕ್ಕ ನೀನೇ ನೋಡ್ಕೋ" ಅಂದ. ಸೂಪರ್ ಮಾರ್ಕೆಟ್‌ಗೆ ಹೋಗಿ (ನಮ್ಮೂರಿನವರಿಗೆ ಗೊತ್ತು, ಅದು ಅಂಗಡಿಯಲ್ಲ, ಇಡೀ ಬಜಾರು) ಕೆಂಪು ಬಟ್ಟೆ ಹೊದಿಕೆಯ ಒಂದು ಕಿರ್ದಿ ಪುಸ್ತಕ ತಂದೆ. ಹೈದರಾಬಾದಿನ ಕ್ಯಾಮೆರಾ ಬಾಡಿಗೆ, ಎರಡು ಹಾರ್ಡ್ ಡಿಸ್ಕ್, ಡೀಸೆಲ್, ಕಿರಾಣಿ, ಬೆಂಗಳೂರಿನಲ್ಲಿ ಸೌಂಡ್ ಮಿಕ್ಸಿಂಗ್, ಸೆನ್ಸಾರ್ ಖರ್ಚು, ಡಾಲರಿನಲ್ಲಿ ಕಟ್ಟಿದ ಫೆಸ್ಟಿವಲ್ ಫೀಸುಗಳು. ಕೊನೇ ಪುಟದಲ್ಲಿ ನನ್ನದೇ ಅಕ್ಷರದಲ್ಲಿ 4,03,650 ಅಂತ ಇದೆ. ಅಂದಮೇಲೆ ಗೆಳೆಯ ಸುಳ್ಳು ಹೇಳಿಲ್ಲ.

ಆದರೂ ಆ ರಾತ್ರಿ ರೈಲಿನಲ್ಲಿ ನಿದ್ದೆ ಬರಲಿಲ್ಲ. ಮೇಲಿನ ಬರ್ತಿನಲ್ಲಿ ಮಲಗಿ ಮೊಬೈಲಿನಲ್ಲಿ ಇನ್ನೊಂದು ಲೆಕ್ಕ ಶುರು ಮಾಡಿದೆ. ಕಿರ್ದಿಗೆ ಬಾರದೆ ಉಳಿದದ್ದರ ಲೆಕ್ಕ. ಕ್ಯಾಮೆರಾ ಹಿಡಿದವನು ಲಗ್ನದ ವಿಡಿಯೊ ಮಾಡುವ ಹುಡುಗ. ನಮಗೋಸ್ಕರ ಮೇ ತಿಂಗಳಿನಲ್ಲಿ ಆರು ಲಗ್ನ ಬಿಟ್ಟ. ಒಂದಕ್ಕೆ 25,000 ಅಂದರೂ ಒಂದೂವರೆ ಲಕ್ಷ ಆಯಿತು. ಉಳಿದ ಹದಿಮೂರು ಜನಕ್ಕೆ ಹತ್ತೊಂಬತ್ತು ದಿನ, ದಿನಕ್ಕೆ ಬರೀ 1,500 ಹಾಕಿದರೂ 3,70,500. ಹಗಲು ಊರಿನವರ ಪ್ರೀ ವೆಡ್ಡಿಂಗ್ ವಿಡಿಯೊ ಎಡಿಟ್ ಮಾಡಿ, ರಾತ್ರಿ ತನ್ನ ಸಿನಿಮಾ ಎಡಿಟ್ ಮಾಡುತ್ತ ಗೆಳೆಯ ಕಳೆದದ್ದು ಎರಡು ವರ್ಷ. ಮಿಲ್ಲಿನ ಹಮಾಲನ ಲೆಕ್ಕದಲ್ಲಿ ತಿಂಗಳಿಗೆ 20,000 ಹಿಡಿದೆ. ಕಾಕಾನ ಜೀಪಿಗೆ, ಶೂಟಿಂಗ್ ನಡೆದ ಹಳ್ಳಿಯ ಮುತ್ಯಾನ (ಅಜ್ಜನ) ಮನೆಗೆ ಒಂದಿಷ್ಟು ಬಾಡಿಗೆ ಹಿಡಿದೆ. ಕೊನೆಗೆ ನನ್ನ ಅವ್ವನ ರೊಟ್ಟಿ. ದಿನಕ್ಕೆ ಎಪ್ಪತ್ತರಂತೆ ಹತ್ತೊಂಬತ್ತು ದಿನಕ್ಕೆ 1,330 ರೊಟ್ಟಿ. ಅಂಗಡಿ ರೇಟಿನಲ್ಲಿ ಎಂಟು ರೂಪಾಯಿ ಹಿಡಿದರೆ 10,640. ಯಾದಗಿರಿ ಬರುವಷ್ಟರಲ್ಲಿ ಎರಡೂ ಲೆಕ್ಕ ಕೂಡಿ 14,71,790 ಆಗಿತ್ತು. ಕೆಳಗಿನ ಬರ್ತಿನಲ್ಲಿ ನಿರ್ದೇಶಕ ಗೊರಕೆ ಹೊಡೆಯುತ್ತಿದ್ದ.

ಹತ್ತೊಂಬತ್ತು ದಿನ

ಶಹಾಬಾದಿನ ಆಚೆ, ಕಾಗಿಣಾ ದಂಡೆಯ ಒಂದು ಹಳ್ಳಿ. ಮನೆಗಳೆಲ್ಲ ಪರಸಿ ಕಲ್ಲಿನವು. ಗೋಡೆ ಕಲ್ಲು, ನೆಲ ಕಲ್ಲು, ಮಾಳಿಗೆಯೂ ಕಲ್ಲು. ಮೇ ತಿಂಗಳಲ್ಲಿ ಆ ಕಲ್ಲು ಹಗಲೆಲ್ಲ ಬಿಸಿಲು ಕುಡಿದು ರಾತ್ರಿ ನಮ್ಮ ಮೇಲೆ ಕಾರುತ್ತಿತ್ತು. ಬೆಳಗ್ಗೆ ಐದೂವರೆಗೆ ಶೂಟಿಂಗ್ ಶುರುವಾದರೆ ಒಂಬತ್ತೂವರೆಗೆ ಬಂದ್. ಮತ್ತೆ ಸಂಜೆ ಐದಕ್ಕೆ. ನಡುವೆ 43 ಡಿಗ್ರಿಯಲ್ಲಿ ಕ್ಯಾಮೆರಾ ತಾನೇ ಬಿಸಿಯಾಗಿ ನಿಂತುಬಿಡುತ್ತಿತ್ತು. ಅದರ ಮೇಲೆ ಒದ್ದೆ ಟವೆಲು ಹಾಕುವ ಹಾಗಿಲ್ಲ. ಆದ್ದರಿಂದ ನಮ್ಮ ತಲೆಗೆ ಹಾಕಿಕೊಂಡು ಅದರ ಪಕ್ಕ ಕೂರುತ್ತಿದ್ದೆವು.

ಈ ಸಿನಿಮಾದ ಬಗ್ಗೆ ಒಬ್ಬರು ಬರೆದರು: ನಿರ್ದೇಶಕರು ಕ್ಯಾಮೆರಾವನ್ನು ಅಲುಗಾಡಿಸದೆ ಕಾಲವನ್ನೇ ಪಾತ್ರವಾಗಿಸಿದ್ದಾರೆ ಅಂತ. ನನಗೆ ನಗು ತಡೆಯಲಾಗಲಿಲ್ಲ. ಆ ಟ್ರೈಪಾಡ್ ಆಳಂದ ರಸ್ತೆಯ ಒಂದು ಸ್ಟುಡಿಯೊದಿಂದ ಕೇಳಿ ತಂದದ್ದು. ಅದರ ಹಿಡಿಕೆ ಮುರಿದಿತ್ತು. ತಿರುಗಿಸಿದರೆ ಜಗ್ಗಿ ಜಗ್ಗಿ ನಿಲ್ಲುತ್ತಿತ್ತು. ಮೊದಲ ದಿನವೇ ಗೆಳೆಯ, "ತಿರುಗಿಸೋದೇ ಬ್ಯಾಡ, ಹಿಂಗೇ ಇರ್ಲಿ" ಅಂದ. ಮಾತಿನ ನಡುವೆ ರೈಲು ಹೋಗುವುದೂ ಹಾಗೆಯೇ. ಮುಂಬೈ ಚೆನ್ನೈ ಲೈನು ಅಲ್ಲಿಂದ ದೂರವಿಲ್ಲ. ಸಿಮೆಂಟಿನ ಗೂಡ್ಸು ಬಂದರೆ ಮುಗಿಯುವುದೇ ಇಲ್ಲ. ಪ್ರತಿ ಸಲ ಕಾಯುತ್ತ ಕೂತರೆ ಬೆಳಕು ಹೋಗುತ್ತದೆ. ಡಬ್ಬಿಂಗ್ ಮಾಡೋಣ ಅಂದರೆ ಸ್ಟುಡಿಯೊ ಬಾಡಿಗೆ ಯಾರು ಕೊಡಬೇಕು? ಕೊನೆಗೆ ರೈಲು ಬಂದಾಗ ಪಾತ್ರಗಳು ಮಾತು ನಿಲ್ಲಿಸಬೇಕು, ರೈಲು ಹೋದಮೇಲೆ ಮುಂದುವರಿಸಬೇಕು ಅಂತ ಆಯಿತು. ನೋಡಿದವರು ಆ ಮೌನಗಳನ್ನೇ ಜಾಸ್ತಿ ಹೊಗಳಿದರು.

ಆದರೆ ಒಂದು ಮಾತು ಹೇಳಬೇಕು. ಮುಂದಿನ ಸಿನಿಮಾಕ್ಕೆ ಯಾರೋ ಒಳ್ಳೆ ಟ್ರೈಪಾಡ್ ಕೊಟ್ಟರು. ಬೆಣ್ಣೆ ಹಂಗ ತಿರುಗುತ್ತಿತ್ತು. ಆಗಲೂ ಅವನು ತಿರುಗಿಸಲಿಲ್ಲ. ಹಿಡಿಕೆ ಬಿಚ್ಚಿ ಚೀಲದಲ್ಲಿಟ್ಟ. ಬಡತನ ಎಲ್ಲಿ ಮುಗಿಯಿತು, ಶೈಲಿ ಎಲ್ಲಿ ಶುರುವಾಯಿತು ಅಂತ ಕೇಳಿದರೆ ನನ್ನಂಥ ಲೆಕ್ಕದವನ ಹತ್ತಿರ ಉತ್ತರ ಇಲ್ಲ. ಅವನ ಹತ್ತಿರವೂ ಇದ್ದಂತೆ ಕಾಣಲಿಲ್ಲ.

ರೊಟ್ಟಿಯ ವಿಷಯಕ್ಕೆ ಬರುತ್ತೇನೆ. ಅವ್ವ ನಸುಕಿನ ಮೂರಕ್ಕೆ ಎದ್ದು ಬಡಿಯುತ್ತಿದ್ದಳು. ಆ ಸದ್ದಿಗೇ ನಾವು ಏಳುತ್ತಿದ್ದೆವು. ಪುಂಡಿಪಲ್ಯ, ಶೇಂಗಾ ಹಿಂಡಿ, ಒಂದೊಂದು ದಿನ ಬರೀ ಖಾರಬ್ಯಾಳಿ. ಒಂದು ನಸುಕಿನಲ್ಲಿ ಗೆಳೆಯ ಒಲೆ ಮುಂದೆ ಕೂತು ಅವಳಿಗೆ ಒಂದು ಸಿನಿಮಾದ ಕಥೆ ಹೇಳಿದ. ಮಣಿ ಕೌಲ್ ಅವರ 'ಉಸ್ಕಿ ರೋಟಿ', 1969ರದು. ಅವನ ಪಾಲಿಗೆ ಅದೇ ಗುರು. ಗಂಡ ಬಸ್ಸು ಡ್ರೈವರು. ಹೆಂಡತಿ ದಿನಾ ರೊಟ್ಟಿ ಕಟ್ಟಿಕೊಂಡು ಹೋಗಿ ರಸ್ತೆಯಲ್ಲಿ ಬಸ್ಸಿಗೆ ಕಾಯುತ್ತಾಳೆ. ಒಂದು ದಿನ ತಡವಾಗುತ್ತದೆ. ಅಷ್ಟೇ ಕಥೆ. ಅವ್ವ ಹಿಟ್ಟು ನಾದುತ್ತ ಪೂರ್ತಿ ಕೇಳಿದಳು. "ಕಡೀಗಿ ರೊಟ್ಟಿ ಕೊಟ್ಟಳೋ ಇಲ್ಲೋ?" ಅಂದಳು. ಗೆಳೆಯ ತಲೆ ಕೆರೆದುಕೊಂಡು, "ಅದು ಹಂಗ ಹೇಳಲಿಕ್ಕಿ ಬರಲ್ಲ ಅವ್ವಾ" ಅಂದ. "ರೊಟ್ಟಿ ಆರಿ ಹೋಗಲ್ಲೇನು? ಆಕಿಗಿ ಅದರ ಚಿಂತಿ ಇರಲ್ಲೇನು?" ಅಂತ ಇನ್ನೊಂದು ರೊಟ್ಟಿ ಹಂಚಿಗೆ ಹಾಕಿದಳು. ಆ ಸಿನಿಮಾದ ಬಗ್ಗೆ ನಾನು ಕೇಳಿದ ಒಳ್ಳೆ ವಿಮರ್ಶೆ ಇದೇ.

ಏಳು ಸಾವಿರ ಡಾಲರ್

ಗೆಳೆಯನ ಕೋಣೆಯ ಗೋಡೆ ಮೇಲೆ ಒಂದು ಕಾಗದ ಅಂಟಿಸಿದ್ದಾನೆ. ಅದರಲ್ಲಿ ನಿರ್ದೇಶಕನ ಹೆಸರು, ಸಿನಿಮಾ, ವರ್ಷ, ಆದ ಖರ್ಚು, ಅಷ್ಟೇ. ರಾಬರ್ಟ್ ರೊಡ್ರಿಗೆಜ್, ಎಲ್ ಮರಿಯಾಚಿ, 1992, ಏಳು ಸಾವಿರ ಡಾಲರ್. ಕ್ರಿಸ್ಟೋಫರ್ ನೋಲನ್, ಫಾಲೋಯಿಂಗ್, 1998, ಆರು ಸಾವಿರ ಡಾಲರ್. ಧೈರ್ಯ ಬೇಕಾದಾಗ ಅದನ್ನು ಓದುತ್ತಾನಂತೆ. ನಮ್ಮ ಮಠದ ಕ್ಯಾಲೆಂಡರಿನ ಪಕ್ಕದಲ್ಲೇ ಇದೆ, ಹಾಗಾಗಿ ಎರಡಕ್ಕೂ ಒಟ್ಟಿಗೆ ಕೈಮುಗಿದ ಹಾಗೆ ಕಾಣುತ್ತದೆ.

ರೈಲಿನ ಲೆಕ್ಕ ಆದಮೇಲೆ ನಾನು ಆ ಕಾಗದವನ್ನು ಬೇರೆ ಕಣ್ಣಿನಿಂದ ನೋಡಲು ಶುರು ಮಾಡಿದೆ. ರೊಡ್ರಿಗೆಜ್ ಆ ದುಡ್ಡಿನ ಒಂದು ಪಾಲು ಗಳಿಸಿದ್ದು ಔಷಧಿ ಪ್ರಯೋಗಕ್ಕೆ ತನ್ನ ಮೈ ಒಡ್ಡಿ. ಅದನ್ನು ಯಾವ ಖಾತೆಯಲ್ಲಿ ಬರೆಯಬೇಕು? ಇನ್ನು ಆ ಸಿನಿಮಾ ಥೇಟರಿಗೆ ಬರುವ ಮೊದಲು ಕೊಲಂಬಿಯಾ ಸ್ಟುಡಿಯೊ ಅದರ ಸೌಂಡು, ಪ್ರಿಂಟಿಗೆ ಅಂತ ಏಳು ಸಾವಿರದ ಎಷ್ಟೋ ಪಟ್ಟು ಸುರಿದಿದೆ. ಜನ ನೋಡಿದ್ದು ಆ ಪ್ರಿಂಟನ್ನು. ನೆನಪಿಟ್ಟದ್ದು ಏಳು ಸಾವಿರವನ್ನು. ನೋಲನ್ ಸುಮಾರು ಒಂದು ವರ್ಷ ಶನಿವಾರ ಮಾತ್ರ ಶೂಟ್ ಮಾಡಿದರು. ಯಾಕಂದ್ರೆ ಎಲ್ಲರಿಗೂ ವಾರವಿಡೀ ಬೇರೆ ನೌಕರಿ. ಫಿಲಂ ಉಳಿಸಲು ನಟರು ನಾಟಕದ ಹಾಗೆ ಮತ್ತೆ ಮತ್ತೆ ತಾಲೀಮು ಮಾಡಿ, ಒಂದೋ ಎರಡೋ ಟೇಕಿನಲ್ಲಿ ಮುಗಿಸುತ್ತಿದ್ದರಂತೆ. ಫಿಲಮ್ಮಿಗೆ ಬೆಲೆ ಇತ್ತು, ಅದಕ್ಕೇ ಉಳಿಸಿದರು. ತಾಲೀಮಿನ ದಿನಗಳಿಗೆ ಬೆಲೆ ಇರಲಿಲ್ಲ, ಅದಕ್ಕೇ ಖರ್ಚು ಮಾಡಿದರು. ನಮ್ಮ ಸಿನಿಮಾದಲ್ಲೂ ಇದೇ ಆಯಿತು ಅಲ್ವಾ? ಹಾರ್ಡ್ ಡಿಸ್ಕಿನಲ್ಲಿ ಜಾಗ ಎಷ್ಟಿದೆ ಅಂತ ನಾವು ದಿನಾ ನೋಡುತ್ತಿದ್ದೆವು. ಜೋಳದ ಹಿಟ್ಟಿನ ಡಬ್ಬಿಯಲ್ಲಿ ಎಷ್ಟಿದೆ ಅಂತ ಯಾರೂ ನೋಡಲಿಲ್ಲ.

ಲೆಕ್ಕ ಸರಿಯಾಗಿ ಇಟ್ಟವರೂ ಇದ್ದಾರೆ. ಪವನ್ ಕುಮಾರ್ 'ಲೂಸಿಯಾ' ಮಾಡುವಾಗ ಬ್ಲಾಗಿನಲ್ಲಿ ಬರೆದು ಜನರ ಹತ್ತಿರ ದುಡ್ಡು ಕೇಳಿದರು. 110 ಜನ ಸೇರಿ ಸುಮಾರು 51 ಲಕ್ಷ ಹಾಕಿದರು. ಸಿನಿಮಾ 2013ರಲ್ಲಿ ಬಂತು. ಕೊಟ್ಟವರು ಯಾರು, ಎಷ್ಟು ಕೊಟ್ಟರು, ಎಲ್ಲ ಕಾಗದದ ಮೇಲಿತ್ತು. ಇದು ನನಗೆ ಹಿಡಿಸಿತು. ಗೆಳೆಯನಿಗೆ ಹೇಳಿದರೆ, "ನನ್ನ ಸಿನಿಮಾಕ್ಕ 110 ಜನ ನೋಡಲಿಕ್ಕೇ ಬರಲ್ಲ, ಹಾಕಲಿಕ್ಕಿ ಎಲ್ಲಿಂದ ಬರ್ತಾರ?" ಅಂದ. ಅವನ ಮಾತೂ ಖರೆ. ಕಥೆ ಇರುವ ಸಿನಿಮಾಕ್ಕೆ ಹೂಡಿಕೆ ಕೇಳಬಹುದು. ಒಬ್ಬ ಮುದುಕ ಕಲ್ಲಿನ ಮನೆಯಲ್ಲಿ ಕೂತು ರೈಲಿನ ಸದ್ದು ಕೇಳುತ್ತಾನೆ ಅನ್ನುವ ಸಿನಿಮಾಕ್ಕೆ ಹೂಡಿಕೆ ಅಂತ ಹೇಗೆ ಕೇಳುವುದು? ಅಲ್ಲಿ ಕೇಳಬಹುದಾದದ್ದು ಉಪಕಾರ ಮಾತ್ರ.

ಅವನ ದೇವರು ಇನ್ನೊಬ್ಬರು ಇದ್ದಾರೆ, ಕೇರಳದ ಜಾನ್ ಅಬ್ರಹಾಂ. ಎಲ್‌ಐಸಿ ನೌಕರಿ ಬಿಟ್ಟು ಪುಣೆಗೆ ಸಿನಿಮಾ ಕಲಿಯಲು ಹೋದ ಮನುಷ್ಯ. ಒಡೆಸ್ಸಾ ಅಂತ ಒಂದು ತಂಡ ಕಟ್ಟಿ, ಊರೂರು ತಿರುಗಿ ಜನರಿಂದ ಚಿಲ್ಲರೆ ಎತ್ತಿ, 1986ರಲ್ಲಿ 'ಅಮ್ಮ ಅರಿಯಾನ್' ಮಾಡಿದರು. ಪ್ರೊಜೆಕ್ಟರು ಹೊತ್ತುಕೊಂಡು ಹೋಗಿ ಆ ಜನರಿಗೇ ತೋರಿಸಿದರು. ಮರುವರ್ಷ ತೀರಿಕೊಂಡರು. ಇಲ್ಲಿ ಎಲ್ಲರೂ ಹೇಳುವುದು ಚಿಲ್ಲರೆ ಎತ್ತಿದ ಕಥೆ. ನನಗೆ ದೊಡ್ಡದಾಗಿ ಕಂಡದ್ದು ಪ್ರೊಜೆಕ್ಟರು ಹೊತ್ತದ್ದು. ಕೊಟ್ಟವನ ಅಂಗಳಕ್ಕೆ ಸಿನಿಮಾ ವಾಪಸ್ ಹೋಯಿತು. ನಮ್ಮದು ಎಲ್ಲಿಗೆ ಹೋಯಿತು? ಬೆಂಗಳೂರಿಗೆ, ಕೇರಳದ ಒಂದು ಫೆಸ್ಟಿವಲ್ಲಿಗೆ, ಹೆಸರು ಹೇಳಲು ಬಾರದ ಯಾವುದೋ ದೇಶಕ್ಕೆ. ಶಹಾಬಾದು ಅಲ್ಲಿಂದೆಲ್ಲ ಬಹಳ ದೂರ.

ಎರಡನೇ ಸಲ ಕೇಳುವುದು

ಇಂಥ ನಿರ್ದೇಶಕರ ಬಗ್ಗೆ ಓದುವಾಗ ಒಂದು ವಿಷಯ ಕಣ್ಣಿಗೆ ಬೀಳುತ್ತದೆ. ಮೊದಲ ಸಿನಿಮಾಕ್ಕೂ ಎರಡನೆಯದಕ್ಕೂ ನಡುವೆ ಐದು ವರ್ಷ, ಏಳು ವರ್ಷ. ನಿರ್ಮಾಪಕ ಸಿಗಲಿಲ್ಲ, ಸ್ಕ್ರಿಪ್ಟು ಕೂಡಿಬರಲಿಲ್ಲ ಅಂತ ಬರೆಯುತ್ತಾರೆ. ಇರಬಹುದು. ನಾನು ಹತ್ತಿರದಿಂದ ಕಂಡ ಕಾರಣ ಬೇರೆ. ಗೆಳೆಯ 2011ರಲ್ಲಿ ಹೈದರಾಬಾದಿನಿಂದ ಬಾಡಿಗೆಗೆ ತಂದ ಕ್ಯಾನನ್ ಕ್ಯಾಮೆರಾದಲ್ಲಿ ಕಿರುಚಿತ್ರ ಮಾಡಿದ. 2017ರಲ್ಲಿ ಈ ಸಿನಿಮಾ. ಮೂರನೆಯದಕ್ಕೆ ಓಡಾಡಲು ಶುರು ಮಾಡಿದ್ದು 2023ರಲ್ಲಿ. ನಡುವೆ ಆರು ವರ್ಷ ಅವನು ಸ್ಕ್ರಿಪ್ಟು ಬರೆಯುತ್ತಿದ್ದ ಅಂತ ಎಲ್ಲ ಕಡೆ ಹೇಳುತ್ತಾನೆ. ನಿಜ ಹೇಳಬೇಕಂದ್ರೆ, ಅವನು ಜನ ಮರೆಯಲಿ ಅಂತ ಕಾಯುತ್ತಿದ್ದ.

ನಮ್ಮ ಕಡೆ ಮೊದಲ ಸಲ ಕೇಳಿದರೆ ಯಾರೂ ಇಲ್ಲ ಅನ್ನುವುದಿಲ್ಲ. ಶರಣಬಸವೇಶ್ವರರ ದಾಸೋಹದ ಊರು ಇದು. ಮನೆ ಕೇಳಿದರೆ ಮನೆ ಕೊಟ್ಟರು, ಜೀಪು ಕೇಳಿದರೆ ಜೀಪು. ಅವ್ವನೂ ಅದನ್ನೇ ಹೇಳಿದಳು. "ದಾಸೋಹ ಅಂತ ಬಡದೀನಿ, ಅದಕ್ಕೆಂಥಾ ಲೆಕ್ಕ?" ಅಂದಳು. ಆದರೆ ಎರಡನೇ ಸಲ ಹೋದಾಗ ಅದೇ ಜನ ಚಹಾ ಕೊಡುತ್ತಾರೆ, ಕೂತು ಮಾತಾಡುತ್ತಾರೆ, ದಿನಾಂಕ ಮಾತ್ರ ಕೊಡುವುದಿಲ್ಲ. ಲಗ್ನದ ಕ್ಯಾಮೆರಾ ಹುಡುಗ ಈಗ ಎರಡು ಮಕ್ಕಳ ಅಪ್ಪ. ಫೋನಿನಲ್ಲಿ, "ಅಣ್ಣಾ, ಸೀಜನ್ ಬಿಟ್ಟು ಇಟ್ಕೊಳ್ರಿ" ಅಂದ. ಸೀಜನ್ ಬಿಟ್ಟರೆ ಮಳೆಗಾಲ. ಕಾಕಾ ಜೀಪು ಮಾರಿದ್ದ. ಮಾರಿರದಿದ್ದರೂ ಮಾರಿದ್ದೇನೆ ಅಂತಲೇ ಹೇಳುತ್ತಿದ್ದ ಅನ್ನಿಸುತ್ತದೆ. ಸ್ವತಂತ್ರ ನಿರ್ದೇಶಕ ಅಂತ ಪೇಪರಿನವರು ಬರೆಯುತ್ತಾರೆ. ಇವನಷ್ಟು ಪರರ ಮೇಲೆ ನಿಂತ ಮನುಷ್ಯನನ್ನು ನಾನಂತೂ ನೋಡಿಲ್ಲ.

ನಾನು ಕಿರ್ದಿ ತೆಗೆದು ಅವನ ಮುಂದಿಟ್ಟೆ. ಹಿಂದಿನ ಖಾಲಿ ಪುಟಗಳಲ್ಲಿ ರೈಲಿನ ಲೆಕ್ಕವನ್ನು ಇಳಿಸಿದ್ದೆ, ಹೆಸರು ಸಮೇತ. ಅವನು ಪೂರ್ತಿ ಓದಿದ. ರೊಟ್ಟಿಯ ಸಾಲಿಗೆ ಬಂದಾಗ ನಕ್ಕ. ತನ್ನ ಎರಡು ವರ್ಷದ ಸಾಲಿಗೆ ಬಂದಾಗ ನಗಲಿಲ್ಲ. ನಾನು ತಪ್ಪು ಮಾಡಿದೆನೇನೋ. ಅವನಿಗೆ ಹಮಾಲನ ಪಗಾರ ಹಿಡಿದದ್ದಕ್ಕೆ ಬೇಸರವೋ, ಅಷ್ಟೂ ಸಿಗಲಿಲ್ಲವಲ್ಲ ಅಂತ ಬೇಸರವೋ ಕೇಳಲಿಲ್ಲ. ಬಹಳ ಹೊತ್ತಿನ ಮೇಲೆ, "ರೊಕ್ಕ ಕೊಡಲಿಕ್ಕಿ ನನ್ನ ಕಡಿ ಇಲ್ಲ. ಸಿನಿಮಾ ಅದ" ಅಂದ.

ಎಮ್ಮೆ

ಹೀಗಾಗಿ ಪ್ರೊಜೆಕ್ಟರು ಹೊತ್ತುಕೊಂಡು ಹೋದೆವು. ಒಂದು ಕೋಚಿಂಗ್ ಸೆಂಟರಿನಿಂದ ಕೇಳಿ ತಂದದ್ದು, ಅದೂ ಉಪಕಾರವೇ. ಮುತ್ಯಾನ ಮನೆ ಗೋಡೆಗೆ ಬೆಳಗ್ಗೆಯೇ ಸುಣ್ಣ ಬಳಿಸಿದ್ದರು. ಚಳಿಗಾಲ, ಎಳ್ಳಮವಾಸ್ಯೆ ಮುಗಿದು ವಾರ ಆಗಿತ್ತು. ಅವ್ವನನ್ನೂ ಕರೆದುಕೊಂಡು ಹೋಗಿದ್ದೆ. ಊರಿನ ಅರ್ಧ ಜನ ಬಂದರು. ಮೊದಲ ಹತ್ತು ನಿಮಿಷ ಗೋಡೆ ಮೇಲೆ ತಮ್ಮ ಮನೆ, ತಮ್ಮ ನೆಲ, ತಮ್ಮ ಬೇವಿನ ಮರ ನೋಡಿ ಒಂದೇ ಗದ್ದಲ. ಆಮೇಲೆ ಅರ್ಧ ಜನ ಎದ್ದು ಹೋದರು. ಉಳಿದವರು ಪೂರ್ತಿ ಕೂತರು. ಸಿನಿಮಾದಲ್ಲಿ ರೈಲು ಹೋಗುವಾಗ ಒಂದು ಸಲ ಹೊರಗೂ ಖರೆ ರೈಲು ಹೋಯಿತು. ಯಾವುದು ಯಾವುದರದ್ದು ಅಂತ ತಿಳಿಯದೆ ಮಕ್ಕಳು ಹೊರಳಿ ನೋಡಿದರು. ಬೆಂಗಳೂರಿನ ಹಾಲಿನಲ್ಲಿ ಇಂಥದ್ದು ಆಗಲು ಸಾಧ್ಯ ಇರಲಿಲ್ಲ.

ಮುಗಿದಮೇಲೆ ಮುತ್ಯಾ ಎದ್ದು ನಿಂತ. ಬಜೆಟ್ ಕೇಳಲಿಲ್ಲ. "ತಮ್ಮಾ, ನಮ್ ಎಮ್ಮಿ ಎಲ್ಲಿ ಹೋಯ್ತು?" ಅಂದ.

ಎಮ್ಮೆಯ ಕಥೆ ಹೇಳಬೇಕು. ನದಿಯಲ್ಲಿ ಮುತ್ಯಾ ತನ್ನ ಎಮ್ಮೆ ಮೈ ತೊಳೆಯುವ ನಾಲ್ಕು ನಿಮಿಷದ ಒಂದು ಶಾಟ್ ಇತ್ತು. ಇಡೀ ಸಿನಿಮಾದಲ್ಲಿ ಚಲೋ ಬಂದದ್ದು ಅದೇ. ಆದರೆ ಪ್ರಾಣಿ ಬಳಸಿದರೆ ಸೆನ್ಸಾರಿಗೆ ಪ್ರಾಣಿ ಕಲ್ಯಾಣ ಮಂಡಳಿಯ ಪತ್ರ ಬೇಕು. ಫೀಸು ಕಟ್ಟಬೇಕು, ಪಶುವೈದ್ಯರ ಸರ್ಟಿಫಿಕೇಟು ತೋರಿಸಬೇಕು. ಇದು ಶೂಟಿಂಗಿಗೆ ಮೊದಲೇ ಮಾಡಬೇಕಾದ ಕೆಲಸ ಅಂತ ನಮಗೆ ಗೊತ್ತಾದದ್ದು ಎಲ್ಲ ಮುಗಿದಮೇಲೆ. ದಿನಾ ಮಾಡುವ ಕೆಲಸಕ್ಕೆ ಡಾಕ್ಟರ ಪತ್ರ ಯಾಕೆ ಅಂತ ಮುತ್ಯಾನಿಗೆ ತಿಳಿಸಿ ಹೇಳುವುದು ಹೇಗೆ? ಇನ್ನು ಸೆನ್ಸಾರ್ ಪತ್ರ ಇಲ್ಲದೆ ಸಬ್ಸಿಡಿಗೆ ಅರ್ಜಿ ಹಾಕುವಂತಿಲ್ಲ. ಗೆಳೆಯ ಎರಡು ರಾತ್ರಿ ಒದ್ದಾಡಿ ಶಾಟ್ ಕತ್ತರಿಸಿದ. ಸಬ್ಸಿಡಿ ಆಮೇಲೂ ಬರಲಿಲ್ಲ, ಆ ಮಾತು ಬೇರೆ. ನಾವು ಹಳ್ಳಿಗೆ ಒಯ್ದದ್ದು ಆ ಕತ್ತರಿಸಿದ ಕಾಪಿ.

"ಎಮ್ಮಿ ಮಾರಿ ಎರಡು ವರ್ಷ ಆಯ್ತು. ಸಿನ್ಮಾದಾಗರೆ ನೋಡಮು ಅಂತ ಕುಂತಿದ್ದೆ" ಅಂದ ಮುತ್ಯಾ. ಸಿಟ್ಟಿರಲಿಲ್ಲ. ಕಳೆದ ವಸ್ತು ಕೇಳುವ ಹಾಗೆ ಕೇಳಿದ. ಗೆಳೆಯ ಚೀಲದಿಂದ ಹಳೇ ಹಾರ್ಡ್ ಡಿಸ್ಕ್ ತೆಗೆದು, ಲ್ಯಾಪ್‌ಟಾಪಿಗೆ ಚುಚ್ಚಿ ಹುಡುಕಲು ಕೂತ. ಅರ್ಧ ಗಂಟೆ ಬೇಕಾಯಿತು. ಮತ್ತೆ ಗೋಡೆ ಮೇಲೆ ಬೆಳಕು ಬಂತು. ನೀರು, ಎಮ್ಮೆ, ಮುತ್ಯಾನ ಕೈ. ಸೌಂಡು ಕೂಡಿಸಿರಲಿಲ್ಲ, ಹಾಗಾಗಿ ಸದ್ದಿಲ್ಲ. ನಾಲ್ಕು ನಿಮಿಷ ಯಾರೂ ಏಳಲಿಲ್ಲ. ಮುಗಿದಮೇಲೆ ಮುತ್ಯಾ ಇನ್ನೊಮ್ಮೆ ಹಾಕಿಸಿದ. ಆಮೇಲೆ ಮೊಮ್ಮಗನ ಮೊಬೈಲಿಗೂ ಹಾಕಿಸಿಕೊಂಡ. ಹೊರಡುವಾಗ, "ಮನಿ ಎಂದ ಬೇಕು ಹೇಳ್ರಿ, ಸುಗ್ಗಿ ಒಂದು ಬಿಟ್ಟು" ಅಂದ.

ಅವ್ವ ಎಲ್ಲ ಮುಗಿಯುವ ತನಕ ಸುಮ್ನೆ ಕೂತಿದ್ದಳು. ನಿದ್ದೆ ಬಂದಿರಬೇಕು ಅಂದುಕೊಂಡಿದ್ದೆ. ಗಾಡಿ ಹತ್ತುವಾಗ ಗೆಳೆಯ ಹತ್ತಿರ ಬಂದು, "ಹೆಂಗ ಅನಸ್ತು ಅವ್ವಾ?" ಅಂದ.

"ಆ ಮುದುಕ ಉಣ್ತಾನಲ್ಲ, ಅದು ನಮ್ಮ ಹಿತ್ತಾಳಿ ಗಂಗಾಳ" ಅಂದಳು ಅವ್ವ. "ನೀ ಒಯ್ದಾಂವ ವಾಪಸ್ ತಂದೇ ಇಲ್ಲ. ಆರು ವರ್ಷ ಆಯ್ತು, ಎಲ್ಲಿ ಹೋಯ್ತು ಅಂತ ನಾ ಮನಿಯೆಲ್ಲ ಹುಡುಕೀನಿ."

ಗೆಳೆಯ ನನ್ನ ಮುಖ ನೋಡಿದ. ನಾನು ಬೇವಿನ ಮರ ನೋಡಿದೆ. ಗಂಗಾಳ ಎರಡು ಲೆಕ್ಕದಲ್ಲೂ ಇರಲಿಲ್ಲ.

"ನನ್ನ ಟ್ರಂಕಿನಾಗೇ ಅದ ಅವ್ವಾ" ಅಂದ ಅವನು ಸಣ್ಣ ದನಿಯಲ್ಲಿ. "ಇನ್ನೊಂದು ತಿಂಗಳು ಇರ್ಲೇನು? ಈ ಸಿನಿಮಾದಾಗೂ ಬೇಕಾಗ್ಯದ."

ಅವ್ವ ಸೆರಗು ಹೊದ್ದುಕೊಂಡು ಸೀಟಿನಲ್ಲಿ ಸರಿಯಾಗಿ ಕೂತಳು. "ಇರ್ಲಿ. ಹುಣಸಿಹಣ್ಣು ಹಚ್ಚಿ ತಿಕ್ಕು. ಎಷ್ಟು ಕಪ್ಪಗ ಕಾಣಲತ್ತದ."